ಕ್ಯಾಮೆರಾ ಕೆಳಗಿಡದ ನಿರ್ದೇಶಕ

ಕೇಳುಗರಿಗೆ ನಮಸ್ಕಾರ.

ಹಿಂದಿಯ ಹೊಸ ಅಲೆಯ, ಅಂದರೆ ಹಾಡು ಕುಣಿತದ ಹಾದಿ ಬಿಟ್ಟು ಬದುಕಿಗೆ ಹತ್ತಿರವಾದ ಚಿತ್ರಗಳ ಮಾತು ಬಂದಾಗ ಬೆಂಗಳೂರಿನ ಹೆಸರನ್ನು ಯಾರೂ ಎತ್ತುವುದಿಲ್ಲ. ಎತ್ತಬೇಕು. ಆ ಅಲೆಯ ನಿರ್ದೇಶಕ, ಛಾಯಾಗ್ರಾಹಕ ಗೋವಿಂದ ನಿಹಲಾನಿ ಛಾಯಾಗ್ರಹಣ ಕಲಿತದ್ದು ನಮ್ಮ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. ಹುಟ್ಟಿದ್ದು 1940ರಲ್ಲಿ, ಕರಾಚಿಯಲ್ಲಿ. ದೇಶ ಇಬ್ಭಾಗವಾದಾಗ ಕುಟುಂಬ ಈಚೆಗೆ ಬಂತು. 1962ರಲ್ಲಿ ಇಲ್ಲಿ ಓದು ಮುಗಿಸಿದವರು ಮುಂಬಯಿಯಲ್ಲಿ ಛಾಯಾಗ್ರಾಹಕ ವಿ.ಕೆ. ಮೂರ್ತಿಯವರ ಸಹಾಯಕರಾದರು. ಮೂರ್ತಿಯವರು ಮೈಸೂರಿನವರು, ಅದೇ ಪಾಲಿಟೆಕ್ನಿಕ್‌ನಲ್ಲಿ ಕಲಿತವರು. ಗುರುದತ್ತರ ಕಪ್ಪು ಬಿಳುಪು ಚಿತ್ರಗಳಲ್ಲಿ ನಾವು ಮೆಚ್ಚುವ ನೆರಳು ಬೆಳಕೆಲ್ಲ ಅವರ ಕೈಚಳಕ.

ಗಿರೀಶ ಕಾರ್ನಾಡರ 'ಕಾಡು' ಚಿತ್ರಕ್ಕೆ ಕ್ಯಾಮೆರಾ ಹಿಡಿದವರು ಇದೇ ನಿಹಲಾನಿ. ಆಮೇಲೆ 1974ರ 'ಅಂಕುರ್'ನಿಂದ ಶುರುವಾಗಿ ಶ್ಯಾಮ್ ಬೆನೆಗಲ್ ಅವರ ಸಾಲು ಸಾಲು ಚಿತ್ರಗಳು. ಅವುಗಳಲ್ಲೊಂದಾದ 'ಮಂಥನ್'ಗೆ ಬಂಡವಾಳ ಹಾಕಿದವರು ಗುಜರಾತಿನ ಐದು ಲಕ್ಷ ಹೈನುಗಾರರು, ತಲಾ ಎರಡು ರೂಪಾಯಿಯಂತೆ. ಇಂಥ ದುಡ್ಡಿನಲ್ಲಿ ಚಿತ್ರ ತೆಗೆಯುವಾಗ ಒಂದೊಂದು ಅಡಿ ಫಿಲ್ಮಿಗೂ ಲೆಕ್ಕ ಉಂಟು.

1980ರಲ್ಲಿ 'ಆಕ್ರೋಶ್' ಮೂಲಕ ಅವರು ನಿರ್ದೇಶಕರಾದರು. ಚಿತ್ರಕಥೆ ವಿಜಯ್ ತೆಂಡೂಲ್ಕರ್ ಅವರದು, ಕ್ಯಾಮೆರಾ ನಿಹಲಾನಿಯವರದೇ. ಹೆಂಡತಿಯನ್ನು ಕೊಂದ ಆರೋಪ ಹೊತ್ತ ಆದಿವಾಸಿ ಭೀಕು ವಕೀಲನ ಮುಂದೆಯೂ ಬಾಯಿ ಬಿಡುವುದಿಲ್ಲ. ಕಥೆಯ ಕೇಂದ್ರದಲ್ಲಿರುವವನೇ ಮಾತಾಡದಿದ್ದರೆ ನಿರ್ದೇಶಕ ಏನು ಮಾಡಬೇಕು? ನಿಹಲಾನಿ, ಭೀಕುವಿನ ಪಾತ್ರ ಮಾಡಿದ ಓಂ ಪುರಿಯ ಕಣ್ಣುಗಳನ್ನು ನಂಬಿದರು. ವಕೀಲ ಕೇಳುತ್ತಲೇ ಇರುತ್ತಾನೆ, ಕ್ಯಾಮೆರಾ ಭೀಕುವಿನ ಮುಖ ಬಿಟ್ಟು ಕದಲುವುದಿಲ್ಲ. ಎದೆಯಲ್ಲಿ ಕುದಿಯುವುದೆಲ್ಲ ಆ ನೋಟದಲ್ಲೇ ಕಾಣಬೇಕು, ಕಾಣುತ್ತದೆ. ಕೊನೆಗೆ ಅವನ ಗಂಟಲಿನಿಂದ ಹೊರಡುವ ಕೂಗು ಕೇಳಿದವರಿಗೆ, ಅಷ್ಟು ಹೊತ್ತಿನ ಮೌನ ಯಾಕೆ ಬೇಕಿತ್ತೆಂದು ಬಿಡಿಸಿ ಹೇಳಬೇಕಿಲ್ಲ. ಬೆಳಕು ಬಲ್ಲವನಿಗೆ ಮಾತ್ರ ಇಷ್ಟು ಕಡಿಮೆ ಮಾತಿನಲ್ಲಿ ಕಥೆ ಹೇಳುವ ಧೈರ್ಯ ಬರುತ್ತದೆ ಎಂದು ನಾನು ನಂಬಿದ್ದೇನೆ. ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಆ ಚಿತ್ರಕ್ಕೆ ಸ್ವರ್ಣ ಮಯೂರ ಪ್ರಶಸ್ತಿ ಬಂತು. 1983ರ 'ಅರ್ಧ ಸತ್ಯ' ಅವರಿಗೆ ಇನ್ನೂ ಹೆಚ್ಚು ಹೆಸರು ತಂದಿತು.

ಇನ್ನು 'ತಮಸ್'. ಭೀಷ್ಮ ಸಾಹನಿಯವರ ಕಾದಂಬರಿಯನ್ನು ಆಧರಿಸಿ, ದೇಶ ವಿಭಜನೆಯ ಹಿಂಸೆಯನ್ನು ಕುರಿತು ಮಾಡಿದ ಈ ಚಿತ್ರ 1988ರಲ್ಲಿ ದೂರದರ್ಶನದಲ್ಲಿ ಪ್ರಸಾರವಾಯಿತು. ತಾವೇ ಹುಟ್ಟೂರು ಬಿಟ್ಟು ಬಂದವರಲ್ಲವೇ, ನಿಹಲಾನಿಯವರಿಗೆ ಅದು ಬರೀ ಕಥೆಯಾಗಿರಲಿಲ್ಲ. ಅದರ ಛಾಯಾಗ್ರಹಣಕ್ಕೆ ಅವರು ಕರೆದದ್ದು ತಮ್ಮ ಗುರು ಮೂರ್ತಿಯವರನ್ನು. ಒಂದು ಕಾಲಕ್ಕೆ ಶಿಷ್ಯನಿಗೆ ಕೆಲಸ ಹೇಳುತ್ತಿದ್ದ ಗುರು, ಈಗ ಅದೇ ಶಿಷ್ಯನ ಚಿತ್ರಕ್ಕೆ ಬೆಳಕು ಹೊಂದಿಸಿದರು. ಇಬ್ಬರ ದೊಡ್ಡತನವೂ ಅಲ್ಲಿದೆ. ಮುಂದೆ ಮೂರ್ತಿಯವರಿಗೆ 2008ನೇ ಸಾಲಿನ ಫಾಲ್ಕೆ ಪ್ರಶಸ್ತಿ ಸಂದಿತು. ಛಾಯಾಗ್ರಾಹಕರೊಬ್ಬರಿಗೆ ಆ ಗೌರವ ಸಿಕ್ಕಿದ್ದು ಅದೇ ಮೊದಲು.

'ತಮಸ್' ನಾಲ್ಕು ಗಂಟೆಗೂ ಮೀರಿದ ಚಿತ್ರ. ಬಿಡುವು ಮಾಡಿಕೊಂಡು, ಮನೆಯ ಹಿರಿಯರನ್ನೂ ಮಕ್ಕಳನ್ನೂ ಕೂರಿಸಿಕೊಂಡು ಒಮ್ಮೆ ನೋಡಿ. ನಮಸ್ಕಾರ.