ಆ ಅಜ್ಜಿಯನ್ನು ಮನೆಗೆ ಬಿಡೋರು ಯಾರು?

ಕೇಳುಗರಿಗೆ ನಮಸ್ಕಾರ. ಪೋಷಕ ನಟಿಯರ ಬಗ್ಗೆ ಮಾತಾಡಿ ಎಂದು ಕರೆದಿದ್ದಾರೆ. ಎಲ್ಲರ ಹೆಸರು ಹೇಳುತ್ತಾ ಹೋದರೆ ಹಾಜರಿ ಕೂಗಿದ ಹಾಗಾಗುತ್ತದೆ. ಒಬ್ಬರನ್ನೇ ಹಿಡಿದುಕೊಳ್ಳುತ್ತೇನೆ, ಉಮಾಶ್ರೀ.

ನಾಯಕಿಗೆ ಎರಡೂವರೆ ಗಂಟೆ ಇರುತ್ತದೆ. ಅವಳು ಯಾರ ಮಗಳು, ಯಾಕೆ ಅಳುತ್ತಾಳೆ, ಎಲ್ಲವನ್ನೂ ಕಥೆಯೇ ಹೇಳಿಬಿಡುತ್ತದೆ. ಪೋಷಕ ನಟಿಗೆ ಸಿಗುವುದು ಒಂದೆರಡು ನಿಮಿಷ. ಬಾಗಿಲಲ್ಲಿ ಕಾಣಿಸಿಕೊಂಡ ಕೂಡಲೇ ಇವಳು ಇಂಥವಳು ಎಂದು ನಮಗೆ ಗೊತ್ತಾಗಬೇಕು. ನಡಿಗೆ ಹೇಳಬೇಕು, ಸೆರಗು ಸಿಕ್ಕಿಸುವ ರೀತಿ ಹೇಳಬೇಕು. ಇದನ್ನು ಕಲಿಸುವುದು ಕ್ಯಾಮೆರಾ ಅಲ್ಲ, ನಾಟಕ. ಈ ಮಾತನ್ನು ಮತ್ತೆ ಹೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ.

ದೇವನೂರ ಮಹಾದೇವ ಅವರ ‘ಒಡಲಾಳ’ ಕಥೆ ಗೊತ್ತಲ್ವಾ? ಸಾಕವ್ವ ಎಂಬ ಮುದುಕಿ ಕಳೆದುಹೋದ ಹುಂಜವನ್ನು ಹುಡುಕುತ್ತಾಳೆ. ರಂಗನಿರ್ದೇಶಕ ಸಿ.ಜಿ.ಕೆ. ಅದನ್ನು ನಾಟಕ ಮಾಡಿಸಿದರು. ಸಾಕವ್ವ ಆದವರು ಉಮಾಶ್ರೀ. ಆ ನಾಟಕಕ್ಕೆ ನಮ್ಮಕ್ಕನನ್ನು ಕರೆದುಕೊಂಡು ಹೋಗಿದ್ದೆ. ಅಕ್ಕನಿಗೆ ನಾಟಕವೆಂದರೆ ಅಷ್ಟಕ್ಕಷ್ಟೆ. ಕೊನೇ ಬಸ್ಸು ತಪ್ಪುತ್ತದೆ ಎಂದು ಐದೈದು ನಿಮಿಷಕ್ಕೂ ನನ್ನ ಕೈಗಡಿಯಾರ ತಿರುಗಿಸಿ ನೋಡುತ್ತಿದ್ದಳು. ಸಾಕವ್ವ ಬಂದಳು ನೋಡಿ, ಗಡಿಯಾರ ಮರೆತೇಹೋಯಿತು. ನಾಟಕ ಮುಗಿದು ಹೊರಗೆ ಬಂದೆವು. ಅಕ್ಕ ಹೆಜ್ಜೆ ಎತ್ತಲೊಲ್ಲಳು. “ಪಾಪ, ಆ ಅಜ್ಜೀನ ಈ ಹೊತ್ನಲ್ಲಿ ಮನೇಗೆ ಬಿಡೋರು ಯಾರೋ?” ಅಂದಳು.

“ಅಜ್ಜಿ ಅಲ್ಲ ಕಣೇ, ನಿನಗಿಂತ ಚಿಕ್ಕವರು” ಎಂದೆ. ನಂಬಲಿಲ್ಲ. “ಆ ಸೊಂಟ ನೋಡಿದ್ಯಾ? ನಲವತ್ತು ವರ್ಷ ಕಳೆ ಕಿತ್ತ ಸೊಂಟ ಅದು” ಎಂದು ಜಗಳಕ್ಕೇ ನಿಂತಳು. ಬಸ್ಸು ತಪ್ಪಿತು. ದಾರಿಯುದ್ದಕ್ಕೂ ಬೈಸಿಕೊಂಡೆ. ಆಮೇಲೊಮ್ಮೆ ಟಾಕೀಸಿನಲ್ಲಿ, ತೆರೆಯ ಮೇಲೆ ಹಾಸ್ಯನಟ ಎನ್.ಎಸ್. ರಾವ್ ಜೊತೆ ಉಮಾಶ್ರೀ ಜನರನ್ನು ನಗಿಸುತ್ತಿದ್ದರು. “ಇವರೇ ನಿನ್ನ ಅಜ್ಜಿ” ಎಂದೆ. ಅಕ್ಕ ನಗುವುದನ್ನೇ ನಿಲ್ಲಿಸಿ ಕಣ್ಣರಳಿಸಿ ಕೂತಳು.

ಅಯ್ಯೋ, ಸ್ಟುಡಿಯೋ ಗಾಜಿನಾಚೆಯಿಂದ ಆಗಲೇ ಕೈ ಆಡಿಸುತ್ತಿದ್ದಾರೆ. ಬೇಗ ಬೇಗ ಹೇಳಿಬಿಡುತ್ತೇನೆ.

1984ರಲ್ಲಿ ಉಮಾಶ್ರೀ ನಟಿಸಿದ, ಕಾಶಿನಾಥ್ ಅವರ ‘ಅನುಭವ’ ಸಿನಿಮಾ ಬಂತು. ಆಮೇಲೆ ಹಾಸ್ಯದ ಪಾತ್ರಗಳು ಸಾಲುಗಟ್ಟಿದವು. ಡಬಲ್ ಮೀನಿಂಗ್ ಎಂದು ಮೂಗು ಮುರಿದವರೂ ಇದ್ದರು. ಮುರಿದುಕೊಳ್ಳಲಿ ಬಿಡಿ. ಮಾತು ಎಂಥದೇ ಇರಲಿ, ಅದು ಬೀಳುವ ಗಳಿಗೆ ತಪ್ಪುತ್ತಿರಲಿಲ್ಲ. ಅದೂ ನಾಟಕದ್ದೇ ಪಾಠ. 2008ರಲ್ಲಿ ಗಿರೀಶ್ ಕಾಸರವಳ್ಳಿಯವರ ಸಿನಿಮಾ ‘ಗುಲಾಬಿ ಟಾಕೀಸು’. ಸಿನಿಮಾ ಹುಚ್ಚಿನ ಸೂಲಗಿತ್ತಿ ಗುಲಾಬಿ. ಕಷ್ಟದ ಹೆರಿಗೆ ಮಾಡಿಸಿದ್ದಕ್ಕೆ ಅವಳಿಗೆ ಟಿ.ವಿ. ಉಡುಗೊರೆ ಸಿಗುತ್ತದೆ. ಗಂಡಸರು ಮೀನಿಗೆ ಹೋದಾಗ ಊರ ಹೆಂಗಸರು ಅವಳ ಗುಡಿಸಲಿಗೆ ಬಂದು ಕೂರುತ್ತಾರೆ. ಗುಲಾಬಿ ಮುಸ್ಲಿಮಳು ಎಂದು ಕೆಲವರು ಹೊರಗೇ ನಿಂತು ನೋಡುತ್ತಾರೆ! ಅದಕ್ಕೆ ಉಮಾಶ್ರೀಯವರಿಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು. ಶ್ರೇಷ್ಠ ಪೋಷಕ ನಟಿ ಅಲ್ಲ, ಶ್ರೇಷ್ಠ ನಟಿ. ನಡುವೆ ಐದು ವರ್ಷ ಮಂತ್ರಿಯೂ ಆಗಿದ್ದರು, ಅದನ್ನು ರಾಜಕೀಯದವರು ಹೇಳಲಿ.

2021ರಲ್ಲಿ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿ ಶುರುವಾಯಿತು. ಗಂಡ ಬಿಟ್ಟುಹೋದ ಪುಟ್ಟಕ್ಕ ಮೆಸ್ ನಡೆಸಿ ಮೂರು ಹೆಣ್ಣುಮಕ್ಕಳನ್ನು ಸಾಕುತ್ತಾಳೆ. ಅದೇ ನಡಿಗೆ, ಅದೇ ಸೆರಗು ಸಿಕ್ಕಿಸುವ ರೀತಿ. ನಾಟಕ ಕಲಿಸಿದ್ದು ಎಂದೆನಲ್ಲ, ಅದೇ.

ಆ ಧಾರಾವಾಹಿಯ ಮುಂದೆ ಕೂತ ಅಕ್ಕ ಒಂದು ಸಂಜೆ ನನ್ನನ್ನು ಕೂಗಿ ಕರೆದಳು. “ಬಾರೋ, ನೋಡು. ಈಗ ಸರಿಯಾದ ವಯಸ್ಸಿಗೆ ಬಂದ್ಲು.”

ನಮಸ್ಕಾರ.