ಹೆಸರಿನ ಅರ್ಥ ನಿಜಾನಾ? ನಿಘಂಟು ತೆಗೆದು ನೋಡೋಣ

[ತೆರೆ ಮೇಲೆ ದೊಡ್ಡದಾಗಿ: ಆರವ್]

ನಮಸ್ಕಾರ. ಮಗುವಿನ ಹೆಸರು ಹುಡುಕುವ ವೆಬ್‌ಸೈಟುಗಳಲ್ಲಿ ಈ ಹೆಸರಿಗೆ ಸಾಮಾನ್ಯವಾಗಿ ಸಿಗುವ ಅರ್ಥ 'ಶಾಂತ'.

ಹಕ್ಕಿಗಳ ಕಲರವ ಅಂತೀವಲ್ಲ, ಅದರಲ್ಲಿರುವ 'ರವ' ಅಂದರೇನು? ಸದ್ದು. 'ಆರವ' ಕೂಡ ಅದೇ ಮನೆಯ ಪದ. ಮೋನಿಯರ್ ವಿಲಿಯಮ್ಸ್ ಅವರ 1899ರ ಸಂಸ್ಕೃತ ನಿಘಂಟು ತೆಗೆದು ನೋಡಿ. ಕೂಗು, ಅರಚಾಟ, ಗುಡುಗು ಅಂತ ಇದೆ. ರಾತ್ರಿ ಎರಡು ಗಂಟೆಗೆ ಎದ್ದು ಕೂರುವ ಅಪ್ಪ ಅಮ್ಮಂದಿರು ನಿಘಂಟಿನ ಪರವಾಗಿಯೇ ಸಾಕ್ಷಿ ಹೇಳುತ್ತಾರೆ, ಬಿಡಿ.

ಶಾಂತಿಯೇ ಬೇಕಿದ್ದರೆ ಪಕ್ಕದಲ್ಲೇ 'ನೀರವ' ಇದೆ. ಸದ್ದಿಲ್ಲದ್ದು. 'ನೀರವ ಮೌನ' ಅಂತ ಕತೆಗಳಲ್ಲಿ ಓದಿರುತ್ತೀರಿ.

ಆರವ್ ಕೆಟ್ಟ ಹೆಸರು ಅಂತ ನಾನು ಹೇಳ್ತಿಲ್ಲ. ಕೇಳೋಕೆ ಇಂಪಾಗಿದೆ, ಧಾರಾಳವಾಗಿ ಇಡಿ. ಆದರೆ ಅರ್ಥ ನೋಡಿ ಇಡುವವರು ಅರ್ಥವನ್ನೂ ಒಮ್ಮೆ ತಟ್ಟಿ ನೋಡಬೇಕಲ್ವಾ?

'ಹತ್ತು ಸೈಟಲ್ಲೂ ಹಾಗೇ ಇದೆ' ಅನ್ನಬಹುದು. ಒಂದು ಇನ್ನೊಂದರಿಂದ ಎತ್ತಿಕೊಂಡಿದ್ದರೆ ಹತ್ತೂ ಒಂದೇ ಲೆಕ್ಕ. ವಾಕ್ಯ ಅಕ್ಷರಕ್ಕಕ್ಷರ ಒಂದೇ ಆಗಿದೆಯಾ ನೋಡಿ, ಗೊತ್ತಾಗುತ್ತೆ.

[ತೆರೆ ಮೇಲೆ: ನೀಲ – ನಿಲಾ]

ನನ್ನ ಪ್ರಕಾರ ಜಾಸ್ತಿ ಎಡವಟ್ಟು ಆಗೋದು ಇಲ್ಲೇ. ಹೆಸರನ್ನು ಇಂಗ್ಲಿಷ್ ಅಕ್ಷರದಲ್ಲಿ ಟೈಪ್ ಮಾಡಿ ಹುಡುಕುತ್ತೇವೆ. ಆಗ ಹ್ರಸ್ವ, ದೀರ್ಘ ಎಲ್ಲ ಮಾಯ. 'ನೀಲ' ಸಂಸ್ಕೃತದ್ದು, ಬಣ್ಣ. 'ನಿಲಾ' ತಮಿಳಿನದು, ಚಂದ್ರ. ಇಂಗ್ಲಿಷಿನಲ್ಲಿ ಎರಡಕ್ಕೂ ಒಂದೇ ಸ್ಪೆಲ್ಲಿಂಗ್ ಸಾಕು. ಹಾಗಾಗಿ ಮೊದಲು ಹೆಸರನ್ನು ಕನ್ನಡದಲ್ಲಿ ಬರೆದುಕೊಳ್ಳಿ.

ಆಮೇಲೆ ಕೇಳಬೇಕಾದ್ದು, ಯಾವ ಭಾಷೆ? 'ಅನಯ' ತಗೊಳ್ಳಿ. 'ನಯ' ಅಂದರೆ ಒಳ್ಳೆಯ ನಡತೆ. ಅದರ ಹಿಂದೆ 'ಅ' ಬಂದು ಕೂತರೆ? ನ್ಯಾಯ–ಅನ್ಯಾಯ ಇದ್ದ ಹಾಗೆ. ಸಂಸ್ಕೃತದಲ್ಲಿ ಅನಯ ಅಂದರೆ ಕೆಟ್ಟ ನಡತೆ. ಅದೇ ಅರಬಿಯಲ್ಲಿ 'ಇನಾಯ' ಅಂತ ಪದವಿದೆ, ಅರ್ಥ ಕಾಳಜಿ. ಸ್ವಲ್ಪ ಉಚ್ಚಾರ ಬದಲಾಗಿ 'ಅನಾಯ' ಅಂತಲೂ ಅದು ಬಳಕೆಯಲ್ಲಿದೆ. ಅರಬಿಯ ಹೆಸರು ಅಂತ ಇಟ್ಟರೆ ಚೆಂದದ ಅರ್ಥ. ಸಂಸ್ಕೃತ ಅಂತ ಇಟ್ಟರೆ ಸ್ವಲ್ಪ ಕಷ್ಟ.

'ಕಿಯಾರ' ಇನ್ನೂ ಮಜವಾಗಿದೆ. ಇಟಾಲಿಯನ್ ಹೆಸರಾದರೆ ಬೆಳಕು, ಸ್ವಚ್ಛ. ಹೆಚ್ಚುಕಮ್ಮಿ ಹಾಗೇ ಬರೆಯುವ ಐರಿಷ್ ಹೆಸರೂ ಒಂದಿದೆ, ಅದನ್ನು 'ಕೀರ' ಅಂತಾರೆ. ಅದರ ಮೂಲಪದದ ಅರ್ಥ ಕಪ್ಪು!

[ತೆರೆ ಮೇಲೆ: ಚಿಟ್ಟೆಯ ಚಿತ್ರ, ಪಕ್ಕದಲ್ಲಿ 1726, 1807]

ಕೆಲವೊಮ್ಮೆ ನಿಘಂಟಲ್ಲ, ಇಸವಿ ನೋಡಬೇಕಾಗುತ್ತೆ. 'ವನೆಸ್ಸಾ' ಅಂದರೆ ಗ್ರೀಕಿನಲ್ಲಿ ಚಿಟ್ಟೆ ಅಂತ ಬರೆದಿರುತ್ತಾರೆ. ಅಸಲಿಗೆ ಇದು 'ಗಲಿವರ್ಸ್ ಟ್ರಾವೆಲ್ಸ್' ಬರೆದ ಜೊನಾಥನ್ ಸ್ವಿಫ್ಟ್ ಒಂದು ಕವನಕ್ಕಾಗಿ ಕಟ್ಟಿದ ಹೆಸರು. ಅವನ ಗೆಳತಿ ಎಸ್ತರ್ ವ್ಯಾನಮ್ರಿ. ಮನೆತನದ ಹೆಸರಿನ ಮೊದಲ ತುಂಡಿಗೆ ಎಸ್ತರ್‌ನ ಮುದ್ದು ಹೆಸರು ಸೇರಿಸಿ ವನೆಸ್ಸಾ ಮಾಡಿದ. ಆ ಕವನ ಅಚ್ಚಾಗಿದ್ದು 1726ರಲ್ಲಿ. ಚಿಟ್ಟೆಗಳ ಒಂದು ಕುಲಕ್ಕೆ ಫ್ಯಾಬ್ರಿಶಿಯಸ್ ಅನ್ನೋ ವಿಜ್ಞಾನಿ ವನೆಸ್ಸಾ ಅಂತ ಹೆಸರಿಟ್ಟಿದ್ದು 1807ರಲ್ಲಿ. ಹೆಸರು ಮೊದಲು, ಚಿಟ್ಟೆ ಆಮೇಲೆ.

ಚಾಟ್‌ಬಾಟ್ ಕೇಳಿದರಾಯಿತು ಅನ್ನುವವರಿಗೆ ಒಂದು ಆಟ. ಬಾಯಿಗೆ ಬಂದ ಮೂರು ಅಕ್ಷರ ಸೇರಿಸಿ, ಸುಮ್ನೆ ಒಂದು ಹೆಸರು ಕಟ್ಟಿ, ಅರ್ಥ ಕೇಳಿ. 'ದೇವರ ವರ', 'ಹೊಸ ಬೆಳಕು' ಅಂತ ಏನಾದರೂ ಬಂತೋ, ಅದರ ಉಳಿದ ಉತ್ತರಗಳನ್ನೂ ಅನುಮಾನಿಸಿಯೇ ಓದಿ. ಕೇಳುವುದಿದ್ದರೆ 'ಈ ಪದ ಇನ್ಯಾವ ಪದದ ಒಳಗೆ ಬರುತ್ತೆ?' ಅಂತ ಕೇಳಿ. ಆರವಕ್ಕೆ ಕಲರವ ಸಿಕ್ಕ ಹಾಗೆ ನಂಟ ಪದ ಸಿಗಬೇಕು. ಸಿಕ್ಕಿದ್ದನ್ನು ನಿಘಂಟಿನಲ್ಲಿ ನೀವೇ ನೋಡಿ. ಮೋನಿಯರ್ ವಿಲಿಯಮ್ಸ್ ಇಂಟರ್‌ನೆಟ್ಟಿನಲ್ಲಿ ಪುಕ್ಕಟೆ ಸಿಗುತ್ತೆ. ಕನ್ನಡಕ್ಕೆ ಕಿಟೆಲ್ ಅವರ 1894ರ ನಿಘಂಟೂ ಸಿಗುತ್ತೆ.

ನಿಮ್ಮ ಮನಸ್ಸಿನಲ್ಲಿರುವ ಹೆಸರನ್ನು ಕೆಳಗೆ ಬರೆಯಿರಿ. ಕನ್ನಡ ಅಕ್ಷರದಲ್ಲೇ ಬರೆಯಿರಿ. ಇಲ್ಲದಿದ್ದರೆ ನಾನು ಮೊದಲು ಕೇಳೋದೇ, ಹ್ರಸ್ವನಾ ದೀರ್ಘನಾ ಅಂತ.