ಬಕೆಟ್ ತಲೆಕೆಳಗಾದ್ರೂ ನೀರು ಯಾಕೆ ಚೆಲ್ಲಲ್ಲ

ಈಗಷ್ಟೇ ಅರ್ಧ ಬಕೆಟ್ ನೀರು ತಿರುಗಿಸಿ ತೋರಿಸಿದೆ, ಒಂದು ಹನಿ ಬೀಳಲಿಲ್ಲ, ಎಲ್ರೂ ನೋಡಿದ್ರಿ. ಯಾಕೆ ಅಂದಿದ್ದಕ್ಕೆ ಮುಂದೆ ಕೂತಿರೋ ಪಿಯುಸಿ ಹುಡುಗ್ರು ತಟ್ಟಂತ 'ಸೆಂಟ್ರಿಫ್ಯೂಗಲ್ ಫೋರ್ಸ್ ಸಾರ್, ಸುತ್ತುವಾಗ ಹೊರಕ್ಕೆ ತಳ್ಳೋ ಬಲ, ಅದು ನೀರನ್ನ ಮೇಲಕ್ಕೆ ಒತ್ತಿ ಹಿಡಿದಿರುತ್ತೆ' ಅಂದ್ರು. ಬಕೆಟ್ ಜೊತೆಗೇ ಸುತ್ತೋರ ಲೆಕ್ಕದಲ್ಲಿ ಅದು ನಡಿಯುತ್ತೆ. ಆದ್ರೆ ನಾವು ನೆಲದ ಮೇಲೆ ನಿಂತು ನೋಡ್ತಿದ್ದೀವಲ್ರೀ, ಇಲ್ಲಿಂದ ನೋಡಿದ್ರೆ ನೀರನ್ನ ಮೇಲಕ್ಕೆ ಒತ್ತೋದು ಏನೂ ಇಲ್ಲ, ನೀರು ಬೀಳ್ತಾನೇ ಇದೆ!

ಹೆಂಗೆ ಅಂದ್ರೆ, ತಲೆ ಮೇಲೆ ಇದ್ದಾಗ ನೀರು ಅಡ್ಡಕ್ಕೆ ಓಡ್ತಿರುತ್ತೆ. ಆ ಕ್ಷಣ ಬಕೆಟ್ ಮಾಯ ಆಯ್ತು ಅಂದ್ಕೊಳ್ರಿ, ನೀರು ನೆಟ್ಟಗೆ ನಮ್ಮ ತಲೆ ಮೇಲೆ ಸುರಿಯಲ್ಲ, ಎಸೆದ ಕಲ್ಲಿನಂಗೆ ಮುಂದಕ್ಕೆ ಹೋಗ್ತಾ ಹೋಗ್ತಾ ಬಾಗಿ ಬೀಳುತ್ತೆ. ಬಕೆಟ್ಟೂ ಸುತ್ತು ಹೊಡಿಬೇಕು ಅಂದ್ರೆ ಬಾಗಲೇಬೇಕಲ್ಲ, ಜೋರಾಗಿ ತಿರುಗಿಸಿದ್ರೆ ನೀರು ತಾನಾಗೇ ಬಾಗೋದಕ್ಕಿಂತ ಬಕೆಟ್ ಜಾಸ್ತಿ ಬಾಗುತ್ತೆ, ಆಗ ಬಕೆಟ್ಟಿನ ತಳಾನೇ ನೀರನ್ನ ಇನ್ನೂ ಕೆಳಕ್ಕೆ ದಬ್ಬುತ್ತೆ. ನಿಧಾನ ಮಾಡಿದ್ರೆ ನೀರು ಮೊದಲು ಬಾಗಿ ತಳ ಬಿಟ್ಟು ಬರುತ್ತೆ, ಮೈ ಒದ್ದೆ. ಇಷ್ಟು ವರ್ಷ ಪಾಠ ಮಾಡಿದ್ರೂ ಈ ಜಾಗಕ್ಕೆ ಬಂದಾಗ ನಂಗೆ ಇವತ್ತಿಗೂ ಖುಷಿ ಆಗುತ್ತೆ.

ಎಷ್ಟು ಸ್ಪೀಡ್ ಬೇಕು? ಜಿ (ಭೂಮಿಯ ಎಳೆತದ ವೇಗೋತ್ಕರ್ಷ, 9.8) ಮತ್ತು ಆರ್ (ಸುತ್ತಿನ ತ್ರಿಜ್ಯ) ಗುಣಿಸಿ ವರ್ಗಮೂಲ ತೆಗೀರಿ. ಭುಜದಿಂದ ನೀರಿನ ತನಕ 1 ಮೀಟರ್ ಅಂದ್ರೆ ಸೆಕೆಂಡಿಗೆ ಸುಮಾರು 3.1 ಮೀಟರ್, ಒಂದೇ ಸ್ಪೀಡಲ್ಲಿ ತಿರುಗಿಸಿದ್ರೆ 2 ಸೆಕೆಂಡಿಗೆ ಒಂದು ಸುತ್ತು. ನೀರು ಎಷ್ಟು ಕೆಜಿ ಅನ್ನೋದು ಇಲ್ಲಿ ಲೆಕ್ಕಕ್ಕೇ ಬರಲ್ಲ.

ಎಲ್ರಿಗೂ ಮೇಲಿನ ಜಾಗದ್ದೇ ಭಯ. ಹಗ್ಗಕ್ಕೆ ಕೇಳಿದ್ರೆ ಕೆಳಗಿನ ಜಾಗ ಅನ್ನುತ್ತೆ. 1 ಮೀಟರ್ ಹಗ್ಗದ ತುದಿಗೆ 1 ಕೆಜಿ ಕಲ್ಲು ಕಟ್ಟಿದ್ದೀರಿ, ಮೇಲೆ ಹಗ್ಗದ ಎಳೆತ ಸೊನ್ನೆ ಆಗೋವಷ್ಟೇ ಸ್ಪೀಡ್ ಇದೆ ಅಂದ್ಕೊಳ್ರಿ, ಅದೇ ಕಲ್ಲು ಕೆಳಗೆ ಬರೋ ಹೊತ್ತಿಗೆ ಸೆಕೆಂಡಿಗೆ 7 ಮೀಟರ್ ಓಡ್ತಿರುತ್ತೆ, ಹಗ್ಗಕ್ಕೆ 6 ಕೆಜಿ ನೇತು ಹಾಕಿದಷ್ಟು ಎಳೆತ. ನಾನು ಹೈಸ್ಕೂಲಲ್ಲಿದ್ದಾಗ ಬಕೆಟ್ಟಿನ ಹಿಡಿಕೆ ಕಿತ್ತಿದ್ದೂ ಕೆಳಗೇ. ಮನೇಲಿ ಮಾಡೋ ಮಕ್ಕಳು ಹಿಡಿಕೆ ಗಟ್ಟಿ ಇದೆಯಾ ಅಂತ ಮೊದಲು ನೋಡ್ಕೊಳ್ರಪ್ಪ.

ದುಗ್ಗಮ್ಮನ ಜಾತ್ರೇಲಿ ಜಾಯಿಂಟ್ ವೀಲ್ ಹತ್ತಿದೋರಿಗೆ ಇದು ಹೊಟ್ಟೇಲೇ ಗೊತ್ತು. 10 ಮೀಟರ್ ತ್ರಿಜ್ಯ, 20 ಸೆಕೆಂಡಿಗೆ ಒಂದು ಸುತ್ತು ಅಂತ ಇಟ್ಕೊಂಡ್ರೆ 60 ಕೆಜಿ ಮನುಷ್ಯನಿಗೆ ಸೀಟು ತುದಿಗೆ ಏರಿದಾಗ 54 ಕೆಜಿಯಷ್ಟು, ಕೆಳಗೆ ಬಂದಾಗ 66 ಕೆಜಿಯಷ್ಟು ಒತ್ತುತ್ತೆ.

ಇನ್ನು ಚಿತ್ರದುರ್ಗದ ಜೋಗಿಮಟ್ಟಿ ಕಡೆ ಗುಡ್ಡದ ಮೇಲೆ ಗಾಳಿಯಿಂದ ಕರೆಂಟ್ ತೆಗೆಯೋ ದೊಡ್ಡ ಫ್ಯಾನ್ ನೋಡಿದ್ದೀರಲ್ಲ, ಟನ್‌ಗಟ್ಟಲೆ ತೂಕದ ರೆಕ್ಕೆ, ಅದು ಏರುವಾಗ ಅದರ ಭಾರವೇ ರೆಕ್ಕೆಯ ಬುಡಾನ ಒಂದು ಕಡೆ ಬಗ್ಗಿಸುತ್ತೆ, ಇಳಿಯುವಾಗ ಇನ್ನೊಂದು ಕಡೆ. ನಿಮಿಷಕ್ಕೆ 15 ಸುತ್ತು ಅಂದ್ರೆ ದಿನಪೂರ್ತಿ ಗಾಳಿ ಇದ್ದಾಗ 21,600 ಸಲ ಆ ಕಡೆ ಈ ಕಡೆ, ನಾಳೆ ಮತ್ತೆ ಅಷ್ಟೇ ಸಲ.